ಮರುವಾಯಿಯ ನೀರು ಚೆಲ್ಲಬೇಡಿ

ಮರುವಾಯಿಯನ್ನು, ಅಂದರೆ ತಿನ್ನುವ ಕಪ್ಪೆಚಿಪ್ಪನ್ನು, ಕುಕ್ಕರಿಗೆ ಹಾಕಿ ಸೀಟಿ ಹೊಡೆಸುವವರನ್ನು ಕಂಡರೆ ನನಗೆ ಸಿಟ್ಟೇ ಬರುತ್ತದೆ. ಆಮೇಲೆ ಆ ನೀರನ್ನು ಸಿಂಕಿಗೆ ಸುರಿದು, "ಸಾರಿಗೆ ರುಚಿಯೇ ಇಲ್ಲ, ಮರಳು ಬೇರೆ" ಅನ್ನುತ್ತಾರೆ. ರುಚಿ ಎಲ್ಲಿಂದ ಬರಬೇಕು? ಚಿಪ್ಪಿನೊಳಗಿನ ನೀರೇ ಈ ಸಾರಿನ ಜೀವ. ಟೊಮೆಟೊ, ತೆಂಗಿನಕಾಯಿ ಎಲ್ಲ ಆಮೇಲಿನ ಮಾತು.

ತರುವಾಗಲೇ ನೋಡಿ ತನ್ನಿ. ಬಾಯಿ ಬಿಟ್ಟದ್ದನ್ನು ಬೆರಳಿನಿಂದ ತಟ್ಟಿ. ಮುಚ್ಚಿಕೊಂಡರೆ ಜೀವ ಇದೆ, ಇಲ್ಲವಾದರೆ ಬಿಸಾಡಿ. ಗಟ್ಟಿಯಾಗಿ ಮುಚ್ಚಿದ್ದನ್ನೂ ಸುಮ್ನೆ ನಂಬಬೇಡಿ. ಎರಡು ಬೆರಳ ನಡುವೆ ಹಿಡಿದು ಚಿಪ್ಪುಗಳನ್ನು ಅಡ್ಡಕ್ಕೆ ಒತ್ತಿ. ಜಾರಿತೋ, ಒಳಗೆ ಬರೀ ಕೆಸರು. ಅಂಥದ್ದು ಒಂದು ಬಿದ್ದರೂ ಪಾತ್ರೆಯಿಡೀ ಹಾಳು. ಉಡುಪಿ ಹತ್ತಿರದ ಉದ್ಯಾವರದ ಹೊಳೆಯಲ್ಲಿ ನೀರು ಇಳಿದಾಗ ಹೆಕ್ಕಿದ್ದನ್ನು ಹೆಂಗಸರು ಬುಟ್ಟಿಯಲ್ಲಿ ತಂದು ನೂರರ ಲೆಕ್ಕದಲ್ಲಿ ಮಾರುತ್ತಿದ್ದರು. ನಮ್ಮಮ್ಮ ಜಗಲಿಯಲ್ಲಿ ಕೂತು ಒಂದೊಂದನ್ನೇ ಒತ್ತಿ ನೋಡಿ ಎಣಿಸಿಕೊಳ್ಳುತ್ತಿದ್ದರು. ಮಾರುವವರೂ ಬೇಸರವಿಲ್ಲದೆ ಕಾಯುತ್ತಿದ್ದರು.

ಇನ್ನು ಮರಳು ಬಿಡಿಸುವುದು. ಈಗಿನವರು ತಪ್ಪುವುದೇ ಇಲ್ಲಿ. ನಳ್ಳಿಯ ಸಪ್ಪೆ ನೀರಿಗೆ ಹಾಕಿದರೆ ಮರುವಾಯಿ ಬಾಯಿ ಬಿಡುವುದಿಲ್ಲ. ಬಾಯಿ ಬಿಡದೆ ಮರಳು ಹೊರಗೆ ಹೇಗೆ ಬಂದೀತು? ಬಾವಿ ನೀರಿಗೆ ಕಲ್ಲುಪ್ಪು ಕದಡಿ ನಾಲಗೆಗೆ ಹಚ್ಚಿ ನೋಡಿ, ಅಳಿವೆಯ ನೀರಿನಷ್ಟು ಉಪ್ಪಿರಬೇಕು. ಪಾತ್ರೆ ಅಗಲವಾಗಿರಲಿ, ಆಳದ್ದು ಬೇಡ. ತಳದಲ್ಲಿ ತೂತಿನ ತಟ್ಟೆ ಕವುಚಿ ಇಟ್ಟು, ಅದರ ಮೇಲೆ ಮರುವಾಯಿಯನ್ನು ಒಂದರ ಮೇಲೊಂದು ಬೀಳದಂತೆ ಹರಡಿ. ಉಗುಳಿದ ಮರಳು ತೂತಿನಿಂದ ಕೆಳಗೆ ಇಳಿಯುತ್ತದೆ, ಅವು ಅದನ್ನೇ ಮತ್ತೆ ಒಳಗೆ ಎಳೆದುಕೊಳ್ಳುವುದಿಲ್ಲ. ಚಿಪ್ಪು ಮುಳುಗುವಷ್ಟು ನೀರು ಸಾಕು. ಮೇಲೆ ಬೈರಾಸು ಮುಚ್ಚಿ ಕತ್ತಲು ಮಾಡಿ. ಆಗಾಗ ಬಂದು ಅಲುಗಿಸಿ ನೋಡಬೇಡಿ, ಅಲುಗಿಸಿದರೆ ಬಾಯಿ ಮುಚ್ಚಿಬಿಡುತ್ತವೆ. ಎರಡು ಮೂರು ಗಂಟೆ ಬಿಡಿ, ನಡುವೆ ಒಮ್ಮೆ ಉಪ್ಪುನೀರು ಬದಲಿಸಿ. ರಾತ್ರಿಯಿಡೀ ಇಟ್ಟರೆ ಉಸಿರುಗಟ್ಟಿ ಸಾಯಲೂಬಹುದು. ತೆಗೆಯುವಾಗ ಕೈಯಿಂದಲೇ ಎತ್ತಬೇಕು. ನೀರಿನ ಸಮೇತ ಜರಡಿಗೆ ಸುರಿದರೆ ತಳದ ಮರಳೆಲ್ಲ ಮತ್ತೆ ಮರುವಾಯಿ ಮೇಲೆಯೇ ಬೀಳುತ್ತದೆ. ಎಷ್ಟು ಹೇಳಿದರೂ ಕೇಳುವುದಿಲ್ಲ!

ಚಿಪ್ಪನ್ನು ಉಜ್ಜಿ ತೊಳೆದು, ಒಂದು ಗುಟುಕು ನೀರಿನೊಂದಿಗೆ ಮುಚ್ಚಿ ದೊಡ್ಡ ಉರಿಯಲ್ಲಿಡಿ. ಬಾಯಿ ಬಿಟ್ಟ ಕೂಡಲೇ ಇಳಿಸಿ, ಬಿಡದ್ದನ್ನು ಎಸೆಯಿರಿ. ಬಿಟ್ಟ ನೀರನ್ನು ಸ್ವಲ್ಪ ಹೊತ್ತು ಹಾಗೇ ನಿಲ್ಲಿಸಿ, ಹಳೇ ಪಂಚೆಯ ತುಂಡಿನಲ್ಲಿ ಮೆಲ್ಲಗೆ ಸೋಸಿ. ತಳದ ಕೊನೆಯ ಗುಟುಕಿಗೆ ಆಸೆ ಪಡಬೇಡಿ, ಅದರಲ್ಲಿ ಮರಳಿರುತ್ತದೆ. ಸೋಸುವ ಬಟ್ಟೆಯನ್ನು ಉಳಿದ ಬಟ್ಟೆಯ ಜೊತೆ ವಾಷಿಂಗ್ ಮಷಿನಿಗೆ ಹಾಕುವವರೂ ಇದ್ದಾರೆ. ಪೌಡರಿನ ಪರಿಮಳ ಸಾರಿಗೆ ಬರುತ್ತದೆ. ಅಡುಗೆಯ ಬಟ್ಟೆಯನ್ನು ಬರೀ ನೀರಿನಲ್ಲಿ ಕುದಿಸಿ ಬಿಸಿಲಿಗೆ ಹಾಕಿದರೆ ಸಾಕು.

ಮುಂದಿನದು ಸುಲಭ. ಬಟಾಟೆ ಹೋಳನ್ನು ಆ ಸೋಸಿದ ನೀರಿನಲ್ಲೇ ಬೇಯಿಸಿ. ಮೊದಲೇ ಟೊಮೆಟೊ ಹಾಕಬೇಡಿ, ಹುಳಿಯಲ್ಲಿ ಬಟಾಟೆ ಬೇಗ ಬೇಯುವುದಿಲ್ಲ. ಬೇರೆ ಪಾತ್ರೆಯಲ್ಲಿ ತೆಂಗಿನೆಣ್ಣೆಗೆ ನೀರುಳ್ಳಿ, ಜಜ್ಜಿದ ಬೆಳ್ಳುಳ್ಳಿ, ಚೆನ್ನಾಗಿ ಹಣ್ಣಾದ ಟೊಮೆಟೊ ಜಾಸ್ತಿಯೇ ಹಾಕಿ, ಎಣ್ಣೆ ಬಿಡುವವರೆಗೆ ಬಾಡಿಸಿ. ಹುರಿದ ಮೆಣಸು, ಕೊತ್ತಂಬರಿ, ಜೀರಿಗೆ, ಕಾಯಿ ಸೇರಿಸಿ ಅರೆಯುವುದು ನಿಮಗೆ ಗೊತ್ತೇ ಇದೆ. ಎಲ್ಲ ಒಟ್ಟು ಮಾಡಿ ದಪ್ಪಗೆ ಕುದಿಸಿ. ಹುಣಸೆಹುಳಿ ಬೇಡ. ಉಪ್ಪನ್ನು ಕೊನೆಗೆ ರುಚಿ ನೋಡಿ ಹಾಕಿ, ಮರುವಾಯಿಯ ನೀರಿನಲ್ಲೇ ಉಪ್ಪಿದೆ.

ಮಾಂಸ ಇರುವ ಅರ್ಧ ಚಿಪ್ಪನ್ನು ಇಟ್ಟುಕೊಂಡು ಖಾಲಿ ಅರ್ಧ ತೆಗೆಯಿರಿ. ಕೊನೆಗೆ ಅದನ್ನು ಸಾರಿಗೆ ಹಾಕಿ, ಒಂದೇ ಕುದಿ ಬಂದೊಡನೆ ಇಳಿಸಿ. ಜಾಸ್ತಿ ಬೆಂದರೆ ರಬ್ಬರಿನಂತಾಗುತ್ತದೆ. ಕುಚ್ಚಲಕ್ಕಿ ಅನ್ನಕ್ಕೆ ಚೆನ್ನಾಗಿರುತ್ತದೆ. ಪುಂಡಿ, ಅಂದರೆ ಅಕ್ಕಿಯ ಉಂಡೆ ಕಡುಬು, ಮಾಡುವುದಾದರೆ ಗೋಲಿಯಷ್ಟು ಸಣ್ಣ ಮಾಡಿ, ಹಬೆಯಲ್ಲಿ ಬೇಯಿಸಿ, ಮರುವಾಯಿಗಿಂತ ಮೊದಲೇ ಸಾರಿಗೆ ಹಾಕಿ.