ಸ್ಪೇನಿನ ಅಲೆಮಾರಿ ಫುಟ್‌ಬಾಲ್ ಆಟಗಾರನ ವೃತ್ತಿಪಟ್ಟಿಯನ್ನು ಓದುವ ಬಗೆ

ಬಾರ್ಸಿಲೋನಾ ಬಿ, ನುಮಾನ್ಸಿಯಾ, ಆಸ್ಟ್ರೇಲಿಯಾದ ವೆಸ್ಟರ್ನ್ ಸಿಡ್ನಿ ಎಂದು ಊರೂರು ಸುತ್ತಿ ನಮ್ಮ ಕಂಠೀರವ ಕ್ರೀಡಾಂಗಣಕ್ಕೆ ಬಂದ ಡಿಮಾಸ್ ಡೆಲ್ಗಾಡೊ ಅವರಂತಹ ಆಟಗಾರರ ವೃತ್ತಿಜೀವನವನ್ನು ಅರಿಯಬೇಕಾದರೆ, ಕ್ಲಬ್ಬಿನ ಹೆಸರಿಗಿಂತ ಮೊದಲು, ಆ ವರ್ಷ ಅದು ಯಾವ ಹಂತದ ಲೀಗ್‌ನಲ್ಲಿತ್ತು ಎಂಬುದನ್ನು ನೋಡಬೇಕು. ಸ್ಪೇನಿನ ಮೊದಲ ಹಂತದ ಲೀಗ್ ಆದ ಲಾ ಲಿಗಾದಲ್ಲಿ 20, ಎರಡನೇ ಹಂತದಲ್ಲಿ 22 ತಂಡಗಳಿವೆ. 2021ರವರೆಗೆ ಮೂರನೇ ಹಂತವಾಗಿದ್ದ ಸೆಗುಂಡಾ ಬಿ ಪ್ರಾದೇಶಿಕ ಗುಂಪುಗಳಾಗಿ ಹಂಚಿಹೋಗಿತ್ತು. ದೊಡ್ಡ ಕ್ಲಬ್ಬಿನ ಹೆಸರಿನ ಜೊತೆ ‘ಬಿ’ ಇದ್ದರೆ ಅದು ಮೀಸಲು ತಂಡ. ಓದುವವರು ಮೋಸಹೋಗುವುದು ಹೆಚ್ಚಾಗಿ ಇಲ್ಲಿಯೇ. ಪಟ್ಟಿಯಲ್ಲಿ ಕ್ಲಬ್ಬಿನ ಹೆಸರಿನ ಮುಂದೆ ‘34 (5)’ ಎಂದಿದ್ದರೆ 34 ಪಂದ್ಯ, 5 ಗೋಲು ಎಂದರ್ಥ. ಜನವರಿಯಲ್ಲಿ ಎರವಲಾಗಿ ಬೇರೆ ಕ್ಲಬ್ಬಿಗೆ ಹೋಗಿದ್ದರೆ, ಅದಕ್ಕೂ ಮುಂಚಿನ ತಿಂಗಳುಗಳ ಪಂದ್ಯಸಂಖ್ಯೆಯನ್ನು ತಪ್ಪದೆ ಗಮನಿಸಬೇಕು. ಬೆಂಚಿನಲ್ಲಿ ಕುಳಿತು ಬೇಸತ್ತಿದ್ದರ ಸುಳಿವು ಸಾಮಾನ್ಯವಾಗಿ ಅಲ್ಲಿ ಸಿಗುತ್ತದೆ.