ತೀರ್ಪುಗಳ ಮಾಯಾ ಕಡತವನ್ನು ನಾನು ಕಟ್ಟಿದ ಬಗೆ

ನಾನು ಬರೆಯುತ್ತಿರುವ ಕಾದಂಬರಿಯ ಕಲ್ಪಿತ ನಾಡಿನಲ್ಲಿ ಒಂದು ನ್ಯಾಯಸಭೆ ಇದೆ. ಅಲ್ಲಿನ ಹಳೆಯ ತೀರ್ಪುಗಳನ್ನೆಲ್ಲ ಒಂದು ಮಾಯಾ ಕಡತ ಹೊತ್ತಿದೆ. ಅದನ್ನು ಕಟ್ಟಲು ಕುಳಿತಾಗ, ಅದಕ್ಕೆ ಏನು ಗೊತ್ತಿರಬಾರದು ಎಂಬುದನ್ನು ಮೊದಲು ತೀರ್ಮಾನಿಸಿದೆ. ಸತ್ಯ ಗೊತ್ತಿರಬಾರದು. ಯಾರು ಕದ್ದರು, ಯಾರು ಸುಳ್ಳಾಡಿದರು ಎಂದು ಕಡತವೇ ಹೇಳಿಬಿಟ್ಟರೆ ಸಾಕ್ಷಿ ಬೇಡ, ವಾದ ಬೇಡ, ಸಭೆಯೂ ಬೇಡ. ಕಥೆ ಎರಡನೆಯ ಅಧ್ಯಾಯಕ್ಕೇ ಮುಗಿದುಹೋಗುತ್ತದೆ. ಹಿಂದೆ ಯಾರ ನಡುವೆ, ಯಾವ ವಿಷಯಕ್ಕೆ, ಏನೆಂದು ತೀರ್ಪಾಯಿತು ಎಂಬುದಷ್ಟೇ ಅದಕ್ಕೆ ಗೊತ್ತು.

ಈ ಯೋಚನೆಗೆ ಬೇರು ಸಿಕ್ಕಿದ್ದು ಹಳೆಯ ಧರ್ಮಶಾಸ್ತ್ರವಾದ ಯಾಜ್ಞವಲ್ಕ್ಯ ಸ್ಮೃತಿಯ ವ್ಯವಹಾರಾಧ್ಯಾಯದಲ್ಲಿ, ಎಂದರೆ ವ್ಯಾಜ್ಯಗಳ ವಿಚಾರಣೆಯ ಭಾಗದಲ್ಲಿ, ಅದಕ್ಕೆ ವಿಜ್ಞಾನೇಶ್ವರ ಬರೆದ 'ಮಿತಾಕ್ಷರಾ' ವ್ಯಾಖ್ಯಾನದಲ್ಲಿ. ಚಾಲುಕ್ಯ ದೊರೆ ಆರನೆಯ ವಿಕ್ರಮಾದಿತ್ಯನ (1076–1126) ಕಾಲದಲ್ಲಿ, ನಮ್ಮ ಕಲ್ಯಾಣದಲ್ಲಿ ಹುಟ್ಟಿದ ವ್ಯಾಖ್ಯಾನವದು. ಪ್ರತಿವಾದಿಯ ಉತ್ತರದಲ್ಲಿ ಅಲ್ಲಿ ನಾಲ್ಕು ಬಗೆ. ಆರೋಪವನ್ನು ಒಪ್ಪಬಹುದು, ಅಲ್ಲಗಳೆಯಬಹುದು, 'ಸಾಲ ಪಡೆದದ್ದು ನಿಜ, ಆದರೆ ತೀರಿಸಿದ್ದೇನೆ' ಎಂದು ಕಾರಣ ಕೊಡಬಹುದು. ನಾಲ್ಕನೆಯದು ಪ್ರಾಙ್ನ್ಯಾಯ: 'ಇದೇ ವ್ಯಾಜ್ಯದಲ್ಲಿ ಇವನು ನನ್ನೆದುರು ಹಿಂದೆಯೇ ಸೋತಿದ್ದಾನೆ.' ಹಾಗೆಂದವನು ಗೆದ್ದಾಗ ದೊರೆತ ಜಯಪತ್ರವನ್ನು ತೋರಿಸಬೇಕು, ಇಲ್ಲವೇ ಅಂದಿನ ವಿಚಾರಣೆಯನ್ನು ಕಂಡವರಿಂದ ಅದನ್ನು ಸಾಬೀತುಪಡಿಸಬೇಕು. ಆ ಪತ್ರ ಸುಟ್ಟುಹೋಗಿದ್ದರೆ? ಎದುರಾಳಿಯೇ ಖೋಟಾ ಪತ್ರ ತಂದಿದ್ದರೆ? ನನ್ನ ಮಾಯಾ ಕಡತ ಹುಟ್ಟಿದ್ದು ಈ ಸಂಕಟದಿಂದ.

ಚರ್ಮದ ಹೊದಿಕೆ, ಹೊಳೆಯುವ ಅಕ್ಷರ ಯಾವುದೂ ನನಗೆ ಬೇಕಿರಲಿಲ್ಲ. ನಮ್ಮ ಹಿಂದಿನವರ ಕಪ್ಪು ಕಡತ ಇರುವಾಗ ಬೇರೇಕೆ? ಬಟ್ಟೆಗೆ ಹುಣಿಸೆ ಬೀಜದ ಅಂಟನ್ನೂ ಇದ್ದಿಲ ಪುಡಿಯನ್ನೂ ಬಳಿದು ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಚಿ, ಅದರ ಮೇಲೆ ಬಳಪದಿಂದ ಬರೆಯುತ್ತಿದ್ದರು. ಶೃಂಗೇರಿ ಮಠದಲ್ಲಿ ಇಂತಹ ಕಡತಗಳು ಉಳಿದುಬಂದಿವೆ. ಬರೆದದ್ದನ್ನು ಒರೆಸಿ ಮತ್ತೆ ಬರೆಯಬಹುದಾಗಿತ್ತು. ನಾನು ತುಂಬಿದ ಮಾಯೆ ಆ ಗುಣದ ಮೇಲೇ ನಿಂತಿದೆ: ವಾದಿ, ಪ್ರತಿವಾದಿ ಇಬ್ಬರೂ ಎದುರಿಗಿದ್ದು, ಇಬ್ಬರ ಮಾತನ್ನೂ ಕೇಳಿ ಕೊಟ್ಟ ತೀರ್ಪು ಮಾತ್ರ ಒರೆಸಿದರೂ ಅಳಿಯುವುದಿಲ್ಲ. ಒಬ್ಬನನ್ನು ಹೊರಗಿಟ್ಟು ಬರೆದದ್ದು ಒದ್ದೆ ಬಟ್ಟೆ ತಾಗಿದೊಡನೆ ಹೋಗುತ್ತದೆ. ಇನ್ನಾವ ಮಂತ್ರವನ್ನೂ ಸೇರಿಸಲಿಲ್ಲ.

ಈ ನಿಯಮವನ್ನು ಒಂದು ಕೆರೆಯ ತೂಬಿನ ಜಗಳದಲ್ಲಿ ಪರೀಕ್ಷಿಸಿದೆ. ಕೆಳಗದ್ದೆಯವನು ನೀರು ಕೇಳುತ್ತಾನೆ. ಮೇಲುಗದ್ದೆಯವಳು 'ನನ್ನ ಅಜ್ಜನ ಕಾಲದಲ್ಲೇ ಇದು ತೀರ್ಮಾನವಾಗಿದೆ' ಎನ್ನುತ್ತಾಳೆ. ಸಭೆಯ ಬರಹಗಾರನಾದ ಕರಣಿಕ ಮಡಿಕೆ ಬಿಚ್ಚಿ ಒದ್ದೆ ಬಟ್ಟೆಯಿಂದ ಒರೆಸುತ್ತಾನೆ. ಅಂಚಿನಲ್ಲಿದ್ದ ಭತ್ತದ ಲೆಕ್ಕ ಕರಗಿ ಹೋಗುತ್ತದೆ. ನಡುವಿನ ಒಂದು ಸಾಲು ಬೆಳ್ಳಗೆ ಹಾಗೇ ನಿಲ್ಲುತ್ತದೆ: ಮಳೆಗಾಲದ ನೀರು ಮೇಲುಗದ್ದೆಗೆ ಮೊದಲು. ಅವಳು ಗೆದ್ದೆನೆಂದುಕೊಳ್ಳುವಷ್ಟರಲ್ಲಿ ಅವನು ಕೇಳುತ್ತಾನೆ, 'ನಾನು ಕೇಳುತ್ತಿರುವುದು ಬೇಸಿಗೆಯ ನೀರನ್ನಲ್ಲವೇ?' ಕಡತ ಇದಕ್ಕೆ ಬಾಯಿ ಬಿಡುವುದಿಲ್ಲ. ಹಳೆಯ ತೀರ್ಪು ಈ ಜಗಳಕ್ಕೆ ಅನ್ವಯಿಸುತ್ತದೆಯೇ ಎಂದು ಮನುಷ್ಯರೇ ವಾದಿಸಬೇಕು. ಈ ದೃಶ್ಯ ಬರೆದ ಮೇಲೆ ಕಡತ ನನ್ನ ಮಟ್ಟಿಗೆ ನಿಜವಾಯಿತು.

ಅಳಿಯದ ತೀರ್ಪು ತಪ್ಪು ತೀರ್ಪಾಗಿದ್ದರೆ ಏನು ಗತಿ? ಯಾಜ್ಞವಲ್ಕ್ಯ ಇದಕ್ಕೂ ದಾರಿ ತೋರಿಸಿದ್ದಾನೆ. ಕೆಟ್ಟದಾಗಿ ವಿಚಾರಿಸಿದ ವ್ಯಾಜ್ಯವನ್ನು ರಾಜ ಮತ್ತೆ ನೋಡಬೇಕು. ಗೆದ್ದವನಿಗೂ ತೀರ್ಪಿತ್ತ ಸಭ್ಯರಿಗೂ, ಎಂದರೆ ನ್ಯಾಯಸಭೆಯ ಸದಸ್ಯರಿಗೂ, ಆ ವ್ಯಾಜ್ಯದಲ್ಲಿ ಸೋತವನಿಗೆ ಹಾಕುವ ದಂಡದ ಎರಡರಷ್ಟು ದಂಡ ಹಾಕಬೇಕು. ಎಂತಹ ಕಟ್ಟುನಿಟ್ಟು! ನನ್ನ ಕಡತದಲ್ಲಿ ಮರುವಿಚಾರಣೆಯ ತೀರ್ಪು ಎದುರಿನ ಮಡಿಕೆಗೆ ಬರುತ್ತದೆ, ಹಳೆಯದೂ ಹಾಗೇ ಉಳಿಯುತ್ತದೆ, ಕೆಳಗೆ ಅಂದಿನ ಸಭ್ಯರ ಹೆಸರುಗಳ ಸಮೇತ. ಹಾಗಾಗಿ ಕಥೆಯ ಎದುರಾಳಿಗಾಗಿ ನಾನು ಹೊರಗೆ ಹುಡುಕಬೇಕಾಗಲಿಲ್ಲ. ಒಂದು ಮಡಿಕೆಯನ್ನು ಯಾರೂ ಬಿಚ್ಚದಂತೆ ನೋಡಿಕೊಳ್ಳುತ್ತ ಬಂದಿರುವ ಹಿರಿಯ ಸಭ್ಯನೊಬ್ಬ ಸಭೆಯಲ್ಲೇ ಕುಳಿತಿದ್ದಾನೆ.