ಮದುವೆ ವಿಡಿಯೋದಿಂದ ಡಾಕ್ಯುಮೆಂಟರಿ ಎಡಿಟಿಂಗ್‌ಗೆ – ನನ್ನ ಅನುಭವ

ಡಾಕ್ಯುಮೆಂಟರಿ ಎಡಿಟರ್ ಆಗ್ಬೇಕು ಅಂದ್ರೆ ಪುಣೆಯ ಸರ್ಕಾರಿ ಸಿನಿಮಾ ಇನ್‌ಸ್ಟಿಟ್ಯೂಟ್ ಎಫ್‌ಟಿಐಐಗೇ ಹೋಗ್ಬೇಕಾ ಅಂತ ಹುಡುಗ್ರು ಕೇಳ್ತಾನೇ ಇರ್ತಾರೆ. ಸೀಟ್ ಸಿಕ್ರೆ ಹೋಗಿ, ಕೋಲ್ಕತ್ತಾದಲ್ಲಿ ಸತ್ಯಜಿತ್ ರೇ ಹೆಸರಿನ ಇನ್‌ಸ್ಟಿಟ್ಯೂಟ್ ಕೂಡ ಇದೆ, ಎರಡು ಕಡೆನೂ ಎಡಿಟಿಂಗ್ ಬೇರೆ ಕೋರ್ಸಾಗೇ ಕಲಿಸ್ತಾರೆ. ನಾನು ಎಲ್ಲೂ ಹೋಗ್ಲಿಲ್ಲ. ದಾವಣಗೆರೇಲಿ ಒಂದು ಸ್ಟುಡಿಯೋದಲ್ಲಿ ಮದುವೆ ವಿಡಿಯೋ ಕಟ್ ಮಾಡ್ತಿದ್ದೆ, ಮುಹೂರ್ತ, ಧಾರೆ, ಊಟದ ಪಂಕ್ತಿ, ಕೊನೆಗೊಂದು ಹಾಡಿಗೆ ಹೈಲೈಟ್ಸ್. ಕೀಬೋರ್ಡ್ ಮೇಲೆ ಕೈ ಓಡೋದು ಕಲಿತಿದ್ದೇ ಅಲ್ಲಿ.

ಆಮೇಲೆ ಬೆಂಗಳೂರಲ್ಲಿ ಒಬ್ಬ ಡಾಕ್ಯುಮೆಂಟರಿ ಎಡಿಟರ್ ಹತ್ರ ಅಸಿಸ್ಟೆಂಟ್ ಆದೆ, ಅಲ್ಲಿ ಬಹಳ ದಿನ ಒಂದು ಕಟ್ಟೂ ಹಾಕೋಕೆ ಬಿಡ್ಲಿಲ್ಲ. ಕಾರ್ಡಿಂದ ಎರಡು ಹಾರ್ಡ್‌ಡಿಸ್ಕ್‌ಗೆ ಕಾಪಿ ಮಾಡು, ಕ್ಯಾಮೆರಾ ಸೌಂಡನ್ನ ರೆಕಾರ್ಡರ್ ಸೌಂಡಿಗೆ ಸಿಂಕ್ ಮಾಡು, ಪ್ರಾಕ್ಸಿ ಮಾಡು (ಕಂಪ್ಯೂಟರ್ ಸಲೀಸಾಗಿ ಓಡಿಸೋ ಹಾಗೆ ಫೈಲಿನ ಹಗುರ ಕಾಪಿ), ಆಮೇಲೆ ಲಾಗ್ ಬರಿ. ಲಾಗ್ ಅಂದ್ರೆ ಎಕ್ಸೆಲ್ ಶೀಟಲ್ಲಿ ಟೈಮ್‌ಕೋಡ್ (ಆ ಶಾಟ್ ಎಷ್ಟನೇ ನಿಮಿಷ, ಸೆಕೆಂಡಲ್ಲಿದೆ ಅನ್ನೋ ನಂಬರ್), ಯಾರು, ಏನು ಹೇಳಿದ್ರು, ಹಿಂದೆ ಏನು ಕೇಳಿಸ್ತಿತ್ತು. 52 ನಿಮಿಷದ ಫಿಲ್ಮಿಗೆ 60-70 ಗಂಟೆ ರಶಸ್, ಅಂದ್ರೆ ಕಟ್ ಮಾಡದ ಫೂಟೇಜ್, ಬರೋದು ಮಾಮೂಲು, ಅಷ್ಟನ್ನೂ ಕೂತು ನೋಡಿದವ್ರು ಟೀಮಲ್ಲಿ ಒಬ್ರೇ, ಅಸಿಸ್ಟೆಂಟ್. ಡೈರೆಕ್ಟರಿಗೆ ಶೂಟಿಂಗ್ ದಿನ ನೆನಪಿರುತ್ತೆ, ಏನು ರೆಕಾರ್ಡ್ ಆಗಿದೆ ಅನ್ನೋದು ನೆನಪಿರಲ್ಲ. "ಆ ಅಜ್ಜಿ ನಕ್ಕಿದ್ದು ಎಲ್ಲಿದೆ?" ಅಂದ ತಕ್ಷಣ ತೆಗೆದುಕೊಟ್ರೆ ಮುಂದಿನ ಫಿಲ್ಮಿಗೆ ಅವ್ರೇ ಫೋನ್ ಮಾಡ್ತಾರೆ. ನಂಗೆ ಎಡಿಟರ್ ಅಂತ ಮೊದಲ ಕೆಲ್ಸ ಸಿಕ್ಕಿದ್ದು ಲಾಗ್ ಶೀಟ್‌ನಿಂದ, ನನ್ನ ಕೆಲ್ಸದ ತುಣುಕು ಸೇರಿಸಿದ ಶೋರೀಲ್ ಯಾರೂ ಕೇಳ್ಲೇ ಇಲ್ಲ.

ಆ ಫಿಲ್ಮು ಇಳಕಲ್ ಕೈಮಗ್ಗದ್ದು. ಗುಂಡೀಲಿ ಕಾಲಿಟ್ಟು ನೇಯೋ ಮಗ್ಗ, ಹಾಗಾಗಿ ಇಂಟರ್‌ವ್ಯೂ ಎಲ್ಲಾ ಮಗ್ಗದ ಪಕ್ಕದಲ್ಲೇ, ಹಿಂದುಗಡೆ ಲಾಳಿ ಓಡೋ ಸದ್ದು ಒಂದೇ ಲಯದಲ್ಲಿ. ಮಾತಿನ ಮಧ್ಯೆ ಎಲ್ಲಿ ಕಟ್ ಮಾಡಿದ್ರೂ ಆ ಲಯ ತಪ್ಪುತ್ತೆ, ಮಾತು ಕರೆಕ್ಟಾಗಿ ಕೂತಿದ್ರೂ ನೋಡೋರಿಗೆ ಏನೋ ಎಡವಿದ ಹಾಗೆ ಆಗುತ್ತೆ. ಅದಕ್ಕೆ ಮಗ್ಗದ ಏಟು ಬಿದ್ದ ಕಡೆ ಕಟ್ ಮಾಡಿ, ಇನ್ನೊಂದು ಏಟಿಂದ ಎತ್ಕೊಳ್ಳೋದು, ಎರಡು ಮೂರು ಫ್ರೇಮ್ ಹಿಂದೆ ಮುಂದೆ ಸರಿಸಿ ಕಣ್ಣು ಮುಚ್ಚಿ ಕೇಳೋದು. ನಾವು 25 ಫ್ರೇಮಲ್ಲಿ ಕೆಲ್ಸ ಮಾಡೋದ್ರಿಂದ ಒಂದು ಫ್ರೇಮ್ ಅಂದ್ರೆ ಸೆಕೆಂಡಿನ 25ರಲ್ಲಿ ಒಂದು ಭಾಗ, ಆದ್ರೂ ಕಿವಿಗೆ ಗೊತ್ತಾಗುತ್ತೆ. ಸೌಂಡ್ ರೆಕಾರ್ಡಿಸ್ಟ್ ಬುದ್ಧಿವಂತರು, ಯಾರೂ ಮಾತಾಡದೆ ಬರೀ ಮಗ್ಗದ ಸದ್ದು ಐದು ನಿಮಿಷ ಬೇರೆ ರೆಕಾರ್ಡ್ ಮಾಡ್ಕೊಂಡಿದ್ರು, ಅದನ್ನ ಕೆಳಗೆ ಹಾಸಿದ್ಮೇಲೆ ಅರ್ಧ ತಲೆನೋವು ಹೋಯ್ತು.

ಅದೇ ಫಿಲ್ಮಲ್ಲಿ ಒಬ್ಬ ಹೆಣ್ಮಗಳನ್ನ ಕೂಲಿ ಮನೆ ಖರ್ಚಿಗೆ ಸಾಕಾಗ್ತದಾ ಅಂತ ಕೇಳ್ತಾರೆ. ಅವರು ಹರಿದ ಎಳೆ ಗಂಟು ಹಾಕ್ತಾ ಸುಮ್ಮನಿರ್ತಾರೆ, ಗಂಡ ಕೂತಿರೋ ಕಡೆ ಒಂದ್ಸಲ ನೋಡ್ತಾರೆ, ಆಮೇಲೆ "ಸಾಕಾಗ್ತದ್ರಿ" ಅಂತಾರೆ. ಡೈರೆಕ್ಟರ್ ಮೇಡಂಗೆ ಆ ಮೌನ ಉದ್ದ ಅನ್ನಿಸ್ತು, ಟಿವಿಗೆ ಸ್ಲೋ ಆಗುತ್ತೆ, ತೆಗೀರಿ ಅಂದ್ರು. ನಾನು ಎರಡೂ ವರ್ಷನ್ ಮಾಡಿ ಒಂದರ ಹಿಂದೆ ಒಂದು ಹಾಕಿ ತೋರಿಸ್ದೆ. ಮೌನ ತೆಗೆದ್ರೆ ಆ ಹೆಣ್ಮಗಳು ಖುಷಿಯಾಗಿದ್ದಾರೆ, ಮೌನ ಇಟ್ರೆ ಇಲ್ಲ, ಆಡಿದ ಮಾತು ಅದೇ. ಮೇಡಂ ಏನೂ ಹೇಳದೆ ಟೀ ಕುಡಿಯೋಕೆ ಎದ್ದು ಹೋದ್ರು, ಬಂದು "ಇರ್ಲಿ ಬಿಡಿ, ಬೇರೆ ಕಡೆ ಕಮ್ಮಿ ಮಾಡೋಣ" ಅಂದ್ರು. ಕಥೆ ಚಿತ್ರದಲ್ಲಿ ಇನ್ನೊಂದು ಟೇಕ್ ಇರುತ್ತೆ ಸ್ವಾಮಿ, ಇಲ್ಲಿ ಆ ಮನುಷ್ಯರು ನಾಳೆ ಅದೇ ಊರಲ್ಲಿ ಇರ್ಬೇಕು, ನಾವು ಕಟ್ ಮಾಡಿದ್ದನ್ನ ನೆರೆಹೊರೆಯವರೆಲ್ಲ ನೋಡ್ತಾರೆ.

ಸಾಫ್ಟ್‌ವೇರ್ ಬಗ್ಗೆ ಜಾಸ್ತಿ ತಲೆ ಕೆಡಿಸ್ಕೋಬೇಡಿ. ಡಾವಿಂಚಿ ರಿಸಾಲ್ವ್ ಫ್ರೀ ವರ್ಷನ್‌ನಲ್ಲೇ ಎಡಿಟ್, ಕಲರ್, ಸೌಂಡ್ ಮೂರೂ ಇದೆ. ಫೋನಲ್ಲಿ ಶೂಟ್ ಮಾಡಿದ್ದು ಬಂದ್ರೆ ಮಾತ್ರ ಹುಷಾರು, ಫೋನ್ ಫ್ರೇಮ್ ರೇಟ್ (ಸೆಕೆಂಡಿಗೆ ಎಷ್ಟು ಫ್ರೇಮ್ ಅನ್ನೋದು) ಏರುಪೇರು ಆಗ್ತಿರುತ್ತೆ, ಹಂಗೇ ಟೈಮ್‌ಲೈನಿಗೆ ಹಾಕಿದ್ರೆ ಉದ್ದ ಇಂಟರ್‌ವ್ಯೂನಲ್ಲಿ ಬರ್ತಾ ಬರ್ತಾ ತುಟಿ ಒಂದು ಕಡೆ ಮಾತು ಒಂದು ಕಡೆ. ಮೊದಲು ಹ್ಯಾಂಡ್‌ಬ್ರೇಕ್ ಅನ್ನೋ ಸಾಫ್ಟ್‌ವೇರಲ್ಲಿ ಕಾನ್‌ಸ್ಟಂಟ್, ಅಂದ್ರೆ ಏರುಪೇರಾಗದ, ಫ್ರೇಮ್ ರೇಟಿಗೆ ಕನ್ವರ್ಟ್ ಮಾಡ್ಕೊಳ್ಳಿ.

ಮತ್ತೆ ಡಾಕ್ಯುಮೆಂಟರಿ ನೋಡಿ, ದೊಡ್ಡ ಪರದೆ ಮೇಲೆ, ಜನರ ಮಧ್ಯೆ ಕೂತು. ತಿರುವನಂತಪುರದಲ್ಲಿ ಕೇರಳ ಚಲಚಿತ್ರ ಅಕಾಡೆಮಿಯವರು ಡಾಕ್ಯುಮೆಂಟರಿ, ಕಿರುಚಿತ್ರಗಳಿಗೇ ಫೆಸ್ಟಿವಲ್ ಮಾಡ್ತಾರೆ, ಬೆಂಗಳೂರಿಂದ ರಾತ್ರಿ ಟ್ರೇನ್ ಹತ್ತಿದ್ರೆ ಆಯ್ತು. ಮುಂಬೈದು 1990ರಿಂದ ಎರಡು ವರ್ಷಕ್ಕೊಮ್ಮೆ ನಡೀತಿದೆ, ಮುಂಚೆ ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಜನ್ ನಡೆಸ್ತಿತ್ತು, 2022ರಲ್ಲಿ ಆ ಡಿವಿಜನ್ನನ್ನೇ ಸರ್ಕಾರದ ಸಿನಿಮಾ ನಿಗಮ ಎನ್‌ಎಫ್‌ಡಿಸಿ ಜೊತೆ ಸೇರಿಸಿಬಿಟ್ರು. ಜನ ಎಲ್ಲಿ ಸೀಟಲ್ಲಿ ಮಿಸುಕಾಡ್ತಾರೆ, ಎಲ್ಲಿ ಫೋನ್ ತೆಗೀತಾರೆ ನೋಡ್ತಾ ಇರಿ.

ಇನ್ನು ದುಡ್ಡು. ಬರೀ ಡಾಕ್ಯುಮೆಂಟರಿ ನಂಬ್ಕೊಂಡು ಬೆಂಗಳೂರಲ್ಲಿ ಬಾಡಿಗೆ ಕಟ್ಟೋಕಾಗಲ್ಲ. ಒಂದು ಫಿಲ್ಮು ತಿಂಗಳುಗಟ್ಟಲೆ ಎಳೆಯುತ್ತೆ, ಮಧ್ಯೆ ಫಂಡ್ ನಿಂತುಹೋಗುತ್ತೆ, ಆಗ ಎನ್‌ಜಿಒ ವಿಡಿಯೋ, ಕಂಪನಿ ಟ್ರೇನಿಂಗ್ ವಿಡಿಯೋ ಮಾಡ್ಕೊಂಡಿರ್ತೀನಿ. ಒಟ್ಟು ಇಷ್ಟು ಅಂತ ಒಪ್ಕೋಬೇಡಿ, ವಾರಕ್ಕೆ ಇಷ್ಟು ಅಂತ ಮಾತಾಡಿ. ಅವ್ರು ಒಟ್ಟು ಮೊತ್ತಕ್ಕೇ ಹಟ ಹಿಡಿದ್ರೆ ಅಡ್ವಾನ್ಸ್, ರಫ್ ಕಟ್ (ಮೊದಲ ಒರಟು ಜೋಡಣೆ), ಪಿಕ್ಚರ್ ಲಾಕ್ (ಇನ್ನು ಕಟ್ ಬದಲಾಗಲ್ಲ ಅನ್ನೋ ಹಂತ) ಅಂತ ಭಾಗ ಮಾಡಿ ಮೇಲ್‌ನಲ್ಲಿ ಬರೆಸ್ಕೊಳ್ಳಿ, ಲಾಕ್ ಆದ್ಮೇಲೆ ಬದಲಾವಣೆ ಬಂದ್ರೆ ಅದಕ್ಕೆ ಬೇರೆ ರೇಟ್ ಅಂತಾನೂ ಸೇರಿಸಿ. ಮದುವೆ ಸೀಸನ್‌ನಲ್ಲಿ ದಾವಣಗೆರೆ ಸ್ಟುಡಿಯೋದವ್ರು ಹಾರ್ಡ್‌ಡಿಸ್ಕ್ ಕೊರಿಯರ್ ಮಾಡ್ತಾರೆ, ಅದನ್ನೂ ಬೇಡ ಅನ್ನಲ್ಲ, ಅವ್ರು ಪೇಮೆಂಟ್ ಲೇಟ್ ಮಾಡಿದ್ದೇ ಇಲ್ಲ.